‘ಇಲ್ಲ’ ಅಂದಿದ್ರೂ ಛಲೋ ಇತ್ತು

ನಮ್ಮ ಹಾಸ್ಟೆಲ್ ರೂಮಿನಾಗ ಮೂರು ತಾಲೂಕು ಅದಾವ. ಒಬ್ಬ ಆಳಂದ, ಒಬ್ಬ ಅಫಜಲಪುರ, ಒಬ್ಬ ಜೇವರ್ಗಿ. ಮೂವರೂ ಇಂಗ್ಲಿಷ್ ಮೀಡಿಯಂ, ಕಾಗುಣಿತ ತಪ್ಪಿದ್ದರೆ ಸಂಪಾದಕರು ತಿದ್ದಿಕೊಳ್ಳಲಿ. ಇದು ನಮ್ಮಲ್ಲೊಬ್ಬನ ಮನೆಯ ಹೊಲದ ಕಥೆ. ಯಾರ ಮನೆಯದು ಅಂತ ಬರೆಯಲ್ಲ, ಯಾಕಂದ್ರೆ ಅಪ್ಪ ಇನ್ನೂ ಅದೇ ಆಫೀಸಿಗೆ ಹೋಗಿ ಬರಬೇಕು.

ಮುತ್ಯಾ ತೀರಿಕೊಂಡು ನಾಲ್ಕು ವರ್ಷ ಆಯ್ತು. ಪಹಣಿಯ 9ನೇ ಕಾಲಂನಲ್ಲಿ ಮಾತ್ರ ಇನ್ನೂ ಅವರೇ ಇದ್ದಾರೆ. ವಾರಸಾ ಮಾಡಿಸಲು ಅಪ್ಪ ಅರ್ಜಿ ಕೊಟ್ಟರು, ಕಾಕಾ ತಕರಾರು ಹಾಕಿದರು. ಬಾವಿ ಕಡೆಯ ಎರಡು ಎಕರೆ ತನಗೇ ಅಂತ ಮುತ್ಯಾ ಬಾಯಿಮಾತಿನಲ್ಲಿ ಹೇಳಿದ್ದರಂತೆ. ಹೇಳಿರಲೂಬಹುದು. ತಕರಾರು ಬಂದರೆ 1964ರ ಭೂಕಂದಾಯ ಕಾಯ್ದೆಯ 129ನೇ ಕಲಂ ಪ್ರಕಾರ ಅದನ್ನು ತಕರಾರು ರಿಜಿಸ್ಟರಿಗೆ ಹಚ್ಚಿ, ವಿಚಾರಣೆ ಮಾಡಿ, ಒಂದು ಆದೇಶ ಕೊಡಬೇಕು. ರಿಜಿಸ್ಟರಿಗೆ ಹಚ್ಚಿದರು, ಅಲ್ಲಿಗೇ ನಿಂತಿತು. “ಸಾಹೇಬ್ರು ಮೀಟಿಂಗ್‌ನಾಗ ಅದಾರ, ಮುಂದಿನ ವಾರ ಬರ್ರಿ.” ಚುನಾವಣೆ ಬಂತು. ಸಾಹೇಬ್ರು ಬದಲಾದರು. ಹೊಸಬರು ಫೈಲ್ ಓದಬೇಕು ಅಂದರು.

ಅಷ್ಟರಲ್ಲಿ ಮಳೆಗೆ ತೊಗರಿ ಕೊಳೆತು ಹೋಯ್ತು. ಪಹಣಿ ಸತ್ತವರ ಹೆಸರಿನಲ್ಲಿದ್ದರೆ ಪರಿಹಾರವೂ ಇಲ್ಲ, ಬ್ಯಾಂಕಿನ ಬೆಳೆಸಾಲವೂ ಇಲ್ಲ. ಆ ಸೆಮಿಸ್ಟರಿನ ಫೀಸು ಅವ್ವನ ಬಂಗಾರದಿಂದ ಬಂತು. ಓಎಸ್ ಕ್ಲಾಸಿನಲ್ಲಿ ಸ್ಟಾರ್ವೇಶನ್ ಪಾಠ ನಡೆದಾಗ ನಾವು ಮೂವರೂ ಒಬ್ಬರ ಮುಖ ಒಬ್ಬರು ನೋಡಿಕೊಂಡೆವು.

ರಜೆಯಲ್ಲಿ ಅಪ್ಪನ ಜೊತೆ ಮೂವರೂ ಕಲಬುರಗಿಗೆ ಹೋಗಿ ಒಬ್ಬ ವಕೀಲರನ್ನು ಕಂಡೆವು. ಆದೇಶ ವಿರುದ್ಧ ಬಂದಿದ್ದರೂ ದಾರಿ ಇತ್ತು ಅಂದರು ಅವರು. 136ನೇ ಕಲಂ ಪ್ರಕಾರ ಎಸಿಗೆ ಅಪೀಲು, ಆಮೇಲೆ ಡಿಸಿಗೆ ರಿವಿಜನ್. ಆದರೆ ಆದೇಶವೇ ಇಲ್ಲದಿದ್ದರೆ ಯಾವುದರ ಮೇಲೆ ಅಪೀಲು? “ಇಲ್ಲ ಅಂದಿದ್ರೂ ಛಲೋ ಇತ್ತು ನೋಡ್ರಿ. ಸುಮ್ಕಿದ್ದದ್ದಕ್ಕ ಅಪೀಲು ಬರಂಗಿಲ್ಲ.”

ಸುಮ್ಮನಿರುವುದಕ್ಕೆ ಇರುವ ಮದ್ದು ಹೈಕೋರ್ಟು. ಸಂವಿಧಾನದ 226ನೇ ವಿಧಿಯಡಿ ರಿಟ್ ಅರ್ಜಿ, ಮ್ಯಾಂಡಮಸ್. ಕನ್ನಡದಲ್ಲಿ ಪರಮಾದೇಶ. ಹೆಸರು ಕೇಳಿ ನಾವು ಹೊಲವೇ ಬಂತು ಅಂದುಕೊಂಡೆವು. ಹಾಗಲ್ಲವಂತೆ. ಹೊಲ ಯಾರದು ಅಂತ ಕೋರ್ಟು ನೋಡುವುದೇ ಇಲ್ಲ. “ನಿನ್ನ ಕೆಲಸ ನೀನು ಮಾಡು, ಇಷ್ಟು ದಿನದೊಳಗೆ ಮಾಡು” ಅಂತ ಅಧಿಕಾರಿಗೆ ಹೇಳುತ್ತದೆ, ಅಷ್ಟೇ.

ಆಮೇಲೆ ವಕೀಲರು ಕೇಳಿದ್ದು: “ಕೈಯಾಗ ಏನದ್ರಿ?”

ಏನೂ ಇರಲಿಲ್ಲ. ನಾಲ್ಕು ವರ್ಷ ಅಪ್ಪ ಹೋಗಿ ಕೈಮುಗಿದು ಕೇಳಿ ಬಂದಿದ್ದರು, ಒಂದು ಸಲವೂ ಬರೆದು ಕೊಟ್ಟಿರಲಿಲ್ಲ. ಕೆಲಸ ಮಾಡಿ ಅಂತ ಕೇಳಿದ್ದಕ್ಕೂ, ಅವರು ಮಾಡದೇ ಬಿಟ್ಟಿದ್ದಕ್ಕೂ ಕಾಗದ ಬೇಕು. ಅವತ್ತು ರಾತ್ರಿ ನಾವು ಮೂವರೂ ಕೂತು ಮನವಿ ಬರೆದೆವು. ಕಾನೂನಿನ ಕನ್ನಡ ನಮ್ಮ ಮ್ಯಾಥ್ಸಿಗಿಂತ ಕಷ್ಟ. ಅಪ್ಪ ಅದನ್ನು ಆಫೀಸಿಗೆ ಕೊಟ್ಟು, ನಕಲಿನ ಮೇಲೆ ಸೀಲು ಹಾಕಿಸಿಕೊಂಡು ಬಂದರು. ಒಂದಾದ ಮೇಲೆ ಒಂದು, ಅಂಥವು ಮೂರಾದವು. ಯಾವುದಕ್ಕೂ ಉತ್ತರ ಬರಲಿಲ್ಲ. ಮೊದಲ ಸಲ ಉತ್ತರ ಬರದೇ ಇದ್ದದ್ದು ನಮಗೆ ಅನುಕೂಲ ಆಯ್ತು.

ಮುತ್ಯಾನ ಕಾಲದಲ್ಲಿ ಇದಕ್ಕೂ ರಾತ್ರಿಯಿಡೀ ಕೂತು ಬೆಂಗಳೂರಿಗೆ ಹೋಗಬೇಕಿತ್ತು. ಕಲಬುರಗಿಗೆ ಸಂಚಾರಿ ಪೀಠ ಬಂದದ್ದು 2008ರ ಜುಲೈನಲ್ಲಿ, ಅದು ಕಾಯಂ ಆದದ್ದು 2013ರ ಆಗಸ್ಟಿನಲ್ಲಿ. ಈಗ ಮುಂಜಾನಿ ಬಸ್ಸಿಗೆ ಹೋಗಿ ಸಂಜಿಗೆ ವಾಪಸ್.

ಆದೇಶ ಎರಡೂವರೆ ಪುಟ ಇತ್ತು. ಇಬ್ಬರನ್ನೂ ಕೇಳಿ ಮೂರು ತಿಂಗಳೊಳಗೆ ಕಾನೂನು ಪ್ರಕಾರ ತೀರ್ಮಾನಿಸಿ, ಯಾರ ಹಕ್ಕಿನ ಬಗ್ಗೆಯೂ ನಾವು ಅಭಿಪ್ರಾಯ ಹೇಳಿಲ್ಲ ಅಂತ. ಮಾಡದಿದ್ದರೆ ನ್ಯಾಯಾಂಗ ನಿಂದನೆ ಅರ್ಜಿ ಹಾಕಬಹುದು. ಅಪ್ಪ ಓದಿಸಿ ಕೇಳಿ, “ಅಂದ್ರ ಹೊಲ ಇನ್ನೂ ಬಂದಿಲ್ಲ” ಅಂದರು. ಬಂದಿಲ್ಲ. ತಾರೀಖು ಬಂದದ.

ಅರ್ಜಿಯಲ್ಲಿ ಕಾಕಾನೂ ಪ್ರತಿವಾದಿ. ನೋಟಿಸ್ ಹೋದಾಗಿಂದ ಮಾತಿಲ್ಲ ಅಂತ ಹೆದರಿದ್ದೆವು. ಮೊನ್ನೆ ಅವರದೇ ಫೋನು ಬಂತು. “ತಾರೀಖು ಯಾವತ್ತಪಾ? ನಂದೂ ಒಮ್ಮೆ ಮುಗೀಲಿ.”

ಬರುವ ತಿಂಗಳ ಎರಡನೇ ಗುರುವಾರ. ಅವತ್ತೇ ನಮ್ಮ ಸೆಕೆಂಡ್ ಇಂಟರ್ನಲ್ಸ್.