ಬಾಗಿಲು ತೆರೆಯದ ಎರಡು ತಿಂಗಳು

ಕೊಟ್ಟಾರದಲ್ಲಿ ಕೂತು ನಕ್ಷತ್ರ ನೋಡುವ ಹವ್ಯಾಸ ಇಟ್ಟುಕೊಂಡವನಿಗೆ ಮಳೆಗಾಲವೆಂದರೆ ಕಡ್ಡಾಯ ರಜೆ. ಜೋರು ಮಳೆ ಬಂದರೆ ಚೌಕಿಯ ರಸ್ತೆಯಲ್ಲಿ ನೀರು, ತಲೆಯ ಮೇಲೆ ತಿಂಗಳುಗಟ್ಟಲೆ ಮೋಡ. ಕಳೆದ ಮಳೆಗಾಲದಲ್ಲಿ ಕಪಾಟಿನೊಳಗಿದ್ದ ನನ್ನ ಬೈನಾಕ್ಯುಲರಿನ ಮಸೂರಕ್ಕೂ ಬೂಷ್ಟು ಹಿಡಿಯಿತು. ಅದನ್ನು ಒರೆಸುತ್ತ ಕೂತಿದ್ದಾಗ ಅಕ್ಕನ ಫೋನು.

"ನೀನಾದರೂ ಅವಳಿಗೆ ಸ್ವಲ್ಪ ಬುದ್ಧಿ ಹೇಳು ಮಾರಾಯ."

ಅವಳೆಂದರೆ ಅಕ್ಕನ ಮಗಳು. ಎಂಎಸ್ಸಿ ಮುಗಿಯುತ್ತ ಬಂದಿದೆ, ಒಂದು ಕಂಪನಿಯ ಕೆಲಸ ಕೈಯಲ್ಲಿದೆ. ಅವಳಿಗೆ ಬೇಕಾದದ್ದು ಮಾತ್ರ ಬಾಹ್ಯಾಕಾಶ ದೂರದರ್ಶಕಗಳ ಮೇಲೆ ಪಿಎಚ್‌ಡಿ. ಈ ಹುಚ್ಚು ಹಿಡಿಸಿದವನು ನಾನೇ ಎಂಬುದು ಮನೆಯವರ ಆರೋಪ. ಸುಳ್ಳಲ್ಲ. ಅವಳ ವಯಸ್ಸಿನಲ್ಲಿ ಇದೇ ಕವಲಿನಲ್ಲಿ ನಿಂತು, ಬ್ಯಾಂಕಿನ ಪರೀಕ್ಷೆ ಬರೆದು ಈಚೆ ಬಂದವನೂ ನಾನೇ.

ಭಾನುವಾರ ಕೊಡೆ ಮಡಚುತ್ತ ಬಂದವಳು ನೇರವಾಗಿ ಕೇಳಿದಳು. "ಮಾಮ, ನಾನು ಈಗ ಸೇರಿದರೆ, ನಾನು ಕೈ ಹಾಕಿದ್ದು ಮೇಲೆ ಹೋಗುವಾಗ ನನಗೆ ಎಷ್ಟು ವಯಸ್ಸಾಗಿರುತ್ತದೆ?"

ಅಕ್ಕನ ಕೆಲಸ ಸುಲಭವಾಯಿತು ಅಂದುಕೊಂಡೆ. ಇದ್ದದ್ದನ್ನು ಇದ್ದ ಹಾಗೆ ಹೇಳಿದರೆ ಸಾಕು, ಹುಡುಗಿ ಹೆದರುತ್ತಾಳೆ.

ಹಾಗಾಗಿ ಅದಮಾರಿನಿಂದ ಶುರುಮಾಡಿದೆ. ಇದೇ ಹೆದ್ದಾರಿ ಹಿಡಿದು ಉಡುಪಿಯ ಕಡೆ ಹೋಗುವಾಗ ಸ್ವಲ್ಪ ಒಳಗೆ ಸಿಗುವ ಊರು. ಅಲ್ಲಿ 1932ರಲ್ಲಿ ಹುಟ್ಟಿದ ಯು. ಆರ್. ರಾವ್ ಮೂಲತಃ ವಿಶ್ವಕಿರಣಗಳ ವಿಜ್ಞಾನಿ. ಅವರ ಮುಂದಾಳತನದಲ್ಲಿ ಪೀಣ್ಯದ ಶೆಡ್ಡುಗಳಲ್ಲಿ ತಯಾರಾದ ಆರ್ಯಭಟ 1975ರ ಏಪ್ರಿಲ್ 19ರಂದು ಸೋವಿಯತ್ ರಾಕೆಟ್ಟಿನಲ್ಲಿ ಮೇಲೇರಿತು. ನಮ್ಮ ಮೊದಲ ಉಪಗ್ರಹ ಎಂದಷ್ಟೇ ಶಾಲೆಯಲ್ಲಿ ಓದಿದ್ದೇವೆ. ಅದರೊಳಗೆ ಕ್ಷ-ಕಿರಣ ಖಗೋಳವಿಜ್ಞಾನದ ಉಪಕರಣವೂ ಇತ್ತು ಎಂಬುದನ್ನು ಯಾವ ಮೇಷ್ಟ್ರೂ ಹೇಳಲಿಲ್ಲ. ಕ್ಷ-ಕಿರಣಗಳನ್ನು ನಮ್ಮ ವಾತಾವರಣ ಕೆಳಗೆ ಬಿಡುವುದಿಲ್ಲ. ಅವುಗಳ ಪಾಲಿಗೆ ಇಡೀ ಭೂಮಿಗೆ ವರ್ಷವಿಡೀ ಕೊಟ್ಟಾರದ ಜುಲೈ ತಿಂಗಳು. ನೋಡಬೇಕೆಂದರೆ ಮೇಲೇ ಹೋಗಬೇಕು. ಹೋದರು. ನಾಲ್ಕೈದು ದಿನಕ್ಕೇ ವಿದ್ಯುತ್ ತೊಂದರೆಯಾಗಿ ಪ್ರಯೋಗಗಳು ನಿಂತುಹೋದವು.

"ಮತ್ತೆ?"

ಮತ್ತೆ 1996ರಲ್ಲಿ, ಭೂಮಿಯನ್ನು ನೋಡಲು ಹೊರಟ ಐಆರ್‌ಎಸ್-ಪಿ3 ಉಪಗ್ರಹದಲ್ಲಿ ಒಂದು ಮೂಲೆ ಸಿಕ್ಕಿತು. ಬೇರೆಯವರ ಮದುವೆ ದಿಬ್ಬಣದ ಬಸ್ಸಿನಲ್ಲಿ ಸೀಟು ಸಿಕ್ಕಿದ ಹಾಗೆ. ಅದು ಚೆನ್ನಾಗಿ ಕೆಲಸ ಮಾಡಿದ ಮೇಲೆ, ಖಗೋಳವಿಜ್ಞಾನಕ್ಕೇ ಮೀಸಲಾದ ಉಪಗ್ರಹ ಬೇಕೆಂಬ ಮಾತಿಗೆ ಬಲ ಬಂತು. ಆಸ್ಟ್ರೋಸ್ಯಾಟ್‌ಗೆ ಒಪ್ಪಿಗೆ ಸಿಕ್ಕಿದ್ದು 2004ರಲ್ಲಿ, ಅದು ಹಾರಿದ್ದು 2015ರ ಸೆಪ್ಟೆಂಬರ್ 28ರಂದು. ಆರ್ಯಭಟದ ಹೊತ್ತಿಗೆ ಇಪ್ಪತ್ತೈದರ ತರುಣನಾಗಿದ್ದವನಿಗೆ ಆಗ ಅರವತ್ತೈದು. ರಾವ್ ಅವರಿಗೆ ಎಂಬತ್ತಮೂರು. ಇನ್ನೆರಡು ವರ್ಷಕ್ಕೆ ಅವರು ಹೋಗಿಬಿಟ್ಟರು.

ಇಷ್ಟು ಹೇಳಿ ಅವಳ ಮುಖ ನೋಡಿದೆ. ಅವಳು ಮೇಜಿನ ಮೇಲಿದ್ದ ಬೂಷ್ಟು ಹಿಡಿದ ಮಸೂರವನ್ನು ಬೆಳಕಿಗೆ ಹಿಡಿದು ನೋಡುತ್ತಿದ್ದಳು.

"ಆಸ್ಟ್ರೋಸ್ಯಾಟಿನ ನೇರಳಾತೀತ ದೂರದರ್ಶಕದ ಬಾಗಿಲನ್ನು ಹಾರಿದ ಕೂಡಲೇ ತೆರೆಯಲಿಲ್ಲ, ಗೊತ್ತುಂಟಾ ಮಾಮ?"

ಗೊತ್ತಿತ್ತು. ಆದರೂ ಕೇಳಿಸಿಕೊಂಡೆ. ಬೆಂಗಳೂರಿನ ಭಾರತೀಯ ಖಭೌತ ಸಂಸ್ಥೆಯವರು ಹೊಸಕೋಟೆಯ ಧೂಳಿಲ್ಲದ ಕೋಣೆಯಲ್ಲಿ ಜೋಡಿಸಿದ ಅವಳಿ ದೂರದರ್ಶಕ ಅದು. ಉಪಗ್ರಹದ ಒಳಗಿನಿಂದಲೇ ಹೊರಡುವ ಆವಿ ಕನ್ನಡಿಯ ಮೇಲೆ ಕೂತರೆ ನೇರಳಾತೀತ ಬೆಳಕು ಅಲ್ಲೇ ಸಾಯುತ್ತದೆ. ಆವಿಯೆಲ್ಲ ಹೊರಗೆ ಹೋಗಲೆಂದು ಎರಡು ತಿಂಗಳು ಮುಚ್ಚಿಟ್ಟರು. ನವೆಂಬರ್ 30ಕ್ಕೆ ತೆರೆದರು. ಮುಂದಿನ ವರ್ಷ ಅದು ಇಪ್ಪತ್ತೆಂಟು ಗಂಟೆ ಹಿಡಿದ ಬೆಳಕಿನಲ್ಲಿ 930 ಕೋಟಿ ಜ್ಯೋತಿರ್ವರ್ಷ ದೂರದ ಗ್ಯಾಲಕ್ಸಿಯೊಂದಿತ್ತು. ಅದು ನಿಜವೇ ಎಂದು ಪರೀಕ್ಷಿಸಿ ಪ್ರಕಟಿಸುವಾಗ 2020.

"ಎಷ್ಟು ವರ್ಷ ಕಾದಿದ್ದಾರೆ! ಆಮೇಲೆ ಇನ್ನೂ ಎರಡು ತಿಂಗಳು," ಎಂದಳು. ಅವಳ ದನಿಯಲ್ಲಿ ಹೆದರಿಕೆ ಇರಲಿಲ್ಲ. ಹೊಟ್ಟೆಕಿಚ್ಚಿತ್ತು.

ನಾನು ಬಿಡಲಿಲ್ಲ. ಆ ದೂರದರ್ಶಕದ ಒಂದು ಪಟ್ಟಿ 2018ರಲ್ಲೇ ಕೆಟ್ಟದ್ದನ್ನು ಹೇಳಿದೆ. ಅದರ ಉತ್ತರಾಧಿಕಾರಿಯಾಗಿ ಅದೇ ಸಂಸ್ಥೆ ಯೋಜಿಸಿರುವ 'ಇನ್‌ಸಿಸ್ಟ್' ಎಂಬ ಒಂದು ಮೀಟರ್ ಕನ್ನಡಿಯ ದೂರದರ್ಶಕದ ಪ್ರಸ್ತಾವದ ಬಗ್ಗೆ ಹೇಳಿದೆ. ಹಬಲ್‌ನ ಕಥೆಯೂ ಇದೇ: ಲೈಮನ್ ಸ್ಪಿಟ್ಜರ್ ಅಂಥದ್ದೊಂದು ಬೇಕೆಂದು ಬರೆದದ್ದು 1946ರಲ್ಲಿ, ಹಬಲ್ ಹಾರಿದ್ದು 1990ರಲ್ಲಿ.

"ನೀವು ಯಾಕೆ ಹೋಗಲಿಲ್ಲ ಮಾಮ?"

ಮನೆಯ ಸಾಲ, ಅಪ್ಪನ ಆರೋಗ್ಯ ಎಂದು ಇಷ್ಟು ವರ್ಷ ಹೇಳುತ್ತ ಬಂದಿದ್ದೆ. ಅವೂ ಇದ್ದವು. "ಹೆದರಿಕೆಯಾಯಿತು," ಎಂದೆ. "ಇಡೀ ಆಯುಷ್ಯ ಕಾದು, ಕೊನೆಗೆ ನಾಲ್ಕು ದಿನಕ್ಕೆ ನಿಂತುಹೋದರೆ ಅಂತ."

ಅವಳು ಏನೂ ಹೇಳಲಿಲ್ಲ. ಚಹಾ ಕುಡಿದು, ಮಳೆ ಸ್ವಲ್ಪ ಬಿಟ್ಟ ಮೇಲೆ ಹೊರಟಳು.

ರಾತ್ರಿ ಅಕ್ಕನ ಫೋನು. "ಹೇಳಿದೆಯಾ?"

"ಎಲ್ಲ ಹೇಳಿದೆ."

"ಏನಂದಳು?"

"ನನ್ನ ಬೈನಾಕ್ಯುಲರ್ ತೆಗೆದುಕೊಂಡು ಹೋದಳು. ಬೆಂಗಳೂರಿನಲ್ಲಿ ಇಷ್ಟು ಬೂಷ್ಟು ಹಿಡಿಯುವುದಿಲ್ಲವಂತೆ."