ಗಾಳಿಗೆ ಬೆನ್ನು, ಸೂರ್ಯನಿಗೆ ಬಾಗಿಲು

ಅಮೆರಿಕದ ಮೊಂಟಾನಾ ರಾಜ್ಯದಲ್ಲಿ ಲಿಟಲ್ ಬಿಗ್‌ಹಾರ್ನ್ ಎಂಬ ನದಿ ಹರಿಯುತ್ತದೆ. ಆಗಸ್ಟ್ ತಿಂಗಳು ಬಂತೆಂದರೆ ಅದರ ದಂಡೆಯ ಬಯಲಿನಲ್ಲಿ ನೂರಾರು ಬಿಳಿಯ ಗುಡಾರಗಳು ತಲೆಯೆತ್ತುತ್ತವೆ. ಅಲ್ಲಿನ ಮೂಲನಿವಾಸಿಗಳಾದ ಕ್ರೋ ಜನಾಂಗದವರ ಜಾತ್ರೆ ಇದು, ಆರಂಭವಾದದ್ದು 1904ರಲ್ಲಿ. ಈ ಶಂಕುವಿನಾಕಾರದ ಗುಡಾರಕ್ಕೆ ‘ಟೀಪಿ’ ಎಂದು ಹೆಸರು. ಲಕೋಟಾ ಭಾಷೆಯಲ್ಲಿ ಹಾಗೆಂದರೆ ‘ಅವರು ವಾಸಿಸುತ್ತಾರೆ’ ಎಂದರ್ಥ.

ಅರ್ಧವೃತ್ತಾಕಾರದ ಕಾಗದವನ್ನು ಸುತ್ತಿದರೆ ಶಂಕುವಾಗುತ್ತದೆ ಎಂಬುದು ವಿದ್ಯಾರ್ಥಿಗಳಿಗೆ ಗೊತ್ತು. ಟೀಪಿಯ ಹೊದಿಕೆಯೂ ಹೆಚ್ಚುಕಡಿಮೆ ಹಾಗೆಯೇ. ಆದರೆ ಅದು ಗಣಿತ ಪುಸ್ತಕದ ಶಂಕುವಿನಂತೆ ನೆಟ್ಟಗಿರುವುದಿಲ್ಲ, ತುಸು ಹಿಂದಕ್ಕೆ ವಾಲಿರುತ್ತದೆ. ಆ ಬಯಲುಗಳಲ್ಲಿ ಗಾಳಿ ಹೆಚ್ಚಾಗಿ ಪಶ್ಚಿಮದಿಂದ ಬೀಸುತ್ತದೆ. ಆದ್ದರಿಂದ ಕಡಿದಾದ ಬೆನ್ನು ಪಶ್ಚಿಮಕ್ಕೆ, ಬಾಗಿಲು ಪೂರ್ವಕ್ಕೆ. ಗಾಳಿ ಹಿಂದಿನಿಂದ ನೂಕಿದಾಗ ಮುಂಭಾಗದ ಓರೆ ಗಳಗಳು ಊರುಗೋಲಿನಂತೆ ತಡೆಯುತ್ತವೆ. ಮೂಲೆಗಳೇ ಇಲ್ಲದ್ದರಿಂದ ಗಾಳಿ ಪಕ್ಕಕ್ಕೆ ಜಾರಿಹೋಗುತ್ತದೆ.

ಒಳಗೆ ಬೆಂಕಿ ಹಾಕಿದರೆ ಹೊಗೆ ತುಂಬುವುದಿಲ್ಲವೆ? ಅದಕ್ಕೂ ಉಪಾಯವಿದೆ. ಗಳಗಳ ಒಳಬದಿಗೆ ಮತ್ತೊಂದು ಬಟ್ಟೆಯನ್ನು ಕಟ್ಟಿರುತ್ತಾರೆ. ಹೊರಹೊದಿಕೆಯ ಅಂಚಿನಡಿ ನುಸುಳಿದ ತಂಪು ಗಾಳಿ ಇವೆರಡರ ನಡುವೆ ಮೇಲೇರಿ, ಹೊಗೆಯನ್ನು ನೆತ್ತಿಯ ಕಿಂಡಿಯಿಂದ ಹೊರಕ್ಕೆ ಒಯ್ಯುತ್ತದೆ. ಕಿಂಡಿಯ ಅಕ್ಕಪಕ್ಕ ಕಿವಿಗಳಂತಿರುವ ಎರಡು ಪಟ್ಟಿಗಳನ್ನು ಕೋಲುಗಳಿಂದ ಗಾಳಿಯ ದಿಕ್ಕಿಗೆ ತಕ್ಕಂತೆ ಹೊರಳಿಸಬಹುದು. ಮಳೆ ಬಂದರೆ ಮುಚ್ಚಬಹುದು. ಬೇಸಿಗೆಯಲ್ಲಿ ಹೊದಿಕೆಯ ಕೆಳ ಅಂಚನ್ನು ಮೇಲೆತ್ತಿದರೆ ಸಾಕು, ತಂಗಾಳಿ ಒಳಬರುತ್ತದೆ.

ಈ ಮನೆಯನ್ನು ಹೊಲಿಯುವವರೂ ನಿಲ್ಲಿಸುವವರೂ ಹೆಂಗಸರೇ. ಮನೆಯ ಒಡೆತನವೂ ಅವರದೇ ಆಗಿತ್ತು. ಆಗ ಹೊದಿಕೆಗೆ ಬೈಸನ್ ಎಂಬ ಕಾಡುದನದ ಚರ್ಮ ಬಳಸುತ್ತಿದ್ದರು. ಬೈಸನ್ ಹಿಂಡು ಸಾಗಿದತ್ತ ಊರೂ ಸಾಗುತ್ತಿತ್ತು. ಬಿಚ್ಚಿದ ಗಳಗಳನ್ನು ಕುದುರೆಗಳು ಎಳೆದೊಯ್ಯುತ್ತಿದ್ದವು.

ಟೀಪಿಯ ಗುಣವನ್ನು ಅಮೆರಿಕದ ಸೈನ್ಯವೂ ಕಂಡುಕೊಂಡಿತು. ಅದನ್ನು ನೋಡಿ ರೂಪಿಸಿದ ಗುಡಾರಕ್ಕೆ ಹೆನ್ರಿ ಸಿಬ್ಲಿ ಎಂಬ ಸೇನಾಧಿಕಾರಿ 1856ರಲ್ಲಿ ಪೇಟೆಂಟ್ ಪಡೆದ. ಮುಂದೆ ಅದೇ ಸೈನ್ಯ ಬಯಲಿನ ಜನರನ್ನು ಮೀಸಲು ಪ್ರದೇಶಗಳಿಗೆ ಅಟ್ಟಿತು. ಬೇಟೆಗಾರರ ಬಂದೂಕಿಗೆ ಸಿಕ್ಕು, ಕೋಟಿಗಳಲ್ಲಿದ್ದ ಬೈಸನ್‌ಗಳು 1880ರ ದಶಕ ಮುಗಿಯುವ ಹೊತ್ತಿಗೆ ಸಾವಿರದಷ್ಟೂ ಉಳಿಯಲಿಲ್ಲ. ಚರ್ಮದ ಜಾಗಕ್ಕೆ ಕ್ಯಾನ್ವಾಸ್ ಬಂತು.

ಇಂದು ಕ್ರೋ ಜನ ಗೋಡೆ ಕಟ್ಟಿದ ಮನೆಗಳಲ್ಲಿದ್ದಾರೆ. ಆದರೂ ಜಾತ್ರೆಗೆ ಗಳಗಳನ್ನು ಹೇರಿಕೊಂಡು ಬರುತ್ತಾರೆ. ಮೊದಲು ನಾಲ್ಕು ಗಳ ಕಟ್ಟಿ ನಿಲ್ಲಿಸುವುದು ಅವರ ಪದ್ಧತಿ, ಲಕೋಟಾಗಳದು ಮೂರು. ಆ ಲೆಕ್ಕವನ್ನು ಕ್ರೋ ಮಕ್ಕಳು ಕಲಿಯುವುದು ಪುಸ್ತಕದಿಂದಲ್ಲ, ಹಿರಿಯರ ಜೊತೆ ಹಗ್ಗ ಹಿಡಿದು.