ಅರಿಯದ ಬೆಂಕಿಯ ಕಡಲು

ಜಪಾನಿನ ಮಿನಮಾಟಾ ರೈಲು ನಿಲ್ದಾಣದಿಂದ ಹೊರಗೆ ಕಾಲಿಟ್ಟರೆ ಎದುರಿಗೇ ಕಾರ್ಖಾನೆಯ ಹೆಬ್ಬಾಗಿಲು. ನಮ್ಮಲ್ಲಿ ರಥಬೀದಿಯ ತುದಿಗೆ ದೇವಸ್ಥಾನ ನಿಂತಿರುತ್ತದಲ್ಲ, ಹಾಗೆ. ಊರಿಗೆ ಅನ್ನ ಕೊಟ್ಟದ್ದೂ ಇದೇ ಚಿಸ್ಸೋ ಕಾರ್ಖಾನೆ. ಅಸಿಟಾಲ್ಡಿಹೈಡ್ ತಯಾರಿಸುತ್ತ 1932ರಿಂದ 1968ರವರೆಗೆ ಪಾದರಸದ ಕೊಳೆಯನ್ನು ಕಡಲಿಗೆ ಬಿಟ್ಟದ್ದೂ ಇದೇ. ಮೀನಿಗೆ ಸೇರಿತು, ಮೀನಿನಿಂದ ಬೆಕ್ಕಿಗೆ, ಮನುಷ್ಯರಿಗೆ, ಬಸುರಿಯರ ಹೊಟ್ಟೆಯ ಕೂಸಿಗೆ.

ಕ್ಯಾಮೆರಾ ಹಿಡಿದೇ ಹೊಟ್ಟೆ ಹೊರೆಯುವವಳು ನಾನು. ಕಪ್ಪು ನೀರು, ನೊರೆ, ಸತ್ತ ದಂಡೆ ಇಷ್ಟನ್ನು ಮನಸ್ಸಿನಲ್ಲೇ ಚಿತ್ರಿಸಿಕೊಂಡು ಬಂದಿದ್ದೆ. ಆ ಕೊಳೆ ಹರಿದ ಹ್ಯಾಕ್ಕೆನ್ ಎಂಬ ಕುಖ್ಯಾತ ಕಾಲುವೆಯ ಬಾಯಿ ದಾಟಿ ದಂಡೆಗೆ ಬಂದರೆ, ಅಯ್ಯೋ, ಅದೆಂಥಾ ಕಡಲು! ಅಲೆಯಿಲ್ಲ, ಅಬ್ಬರವಿಲ್ಲ. ಆಚೆ ಅಮಾಕುಸಾ ದ್ವೀಪಗಳು ನಿದ್ದೆಗಣ್ಣಲ್ಲಿ ಮಲಗಿವೆ. ಮಲ್ಪೆಯ ಮೊರೆತ ಕೇಳಿ ಬೆಳೆದ ಕಿವಿಗೆ ಇದು ಕಡಲೋ ಕೆರೆಯೋ ಎಂಬ ಅನುಮಾನ. ಹೆಸರು ಶಿರಾನುಯಿ, ಅಂದರೆ ಅರಿಯದ ಬೆಂಕಿ. ಹಿಂದೆ ಕೆಲವು ರಾತ್ರಿ ನೀರಿನ ಮೇಲೆ ದೀಪಗಳು ಸಾಲುಗಟ್ಟಿ ಕಾಣುತ್ತಿದ್ದವಂತೆ. ನಮ್ಮಜ್ಜಿಯಾದರೆ ಕೊಳ್ಳಿದೆವ್ವ ಅಂದುಬಿಡುತ್ತಿದ್ದಳು.

ನಾನು ನಿಂತಿದ್ದ ಹುಲ್ಲುಹಾಸಿನ ಅಡಿಯಲ್ಲೇ ವಿಷದ ಕೆಸರು ಹೂತಿದೆ. ಕೊಲ್ಲಿಯ 58 ಹೆಕ್ಟೇರು ಮುಚ್ಚಿ ಮಾಡಿದ ಉದ್ಯಾನ ಅದು. ದಂಡೆಯುದ್ದಕ್ಕೂ ಪುಟ್ಟ ಕಲ್ಲುಬುದ್ಧರು. ಪಾದರಸದ ವಿಷಕ್ಕೆ ತುತ್ತಾದ ರೋಗಿಗಳೂ ಅವರ ಮನೆಯವರೂ ಕೆತ್ತಿ ನಿಲ್ಲಿಸಿದವು.

ನನ್ನನ್ನು ಇಲ್ಲಿಗೆಳೆದದ್ದು ನೊರಿಯಾಕಿ ತ್ಸುಚಿಮೊಟೊ 1971ರಲ್ಲಿ ಮಾಡಿದ ಸಾಕ್ಷ್ಯಚಿತ್ರ. ಅದರಲ್ಲೊಬ್ಬ ಮುದುಕ ಮೊಳಕಾಲುದ್ದ ನೀರಿನಲ್ಲಿ ಗಾಜಿನ ತಳದ ಪೆಟ್ಟಿಗೆ ಒತ್ತಿ ಇಣುಕುತ್ತಾನೆ, ಆಕ್ಟೋಪಸ್ ಹಿಡಿಯುತ್ತಾನೆ, ಅದರ ಕಣ್ಣುಗಳ ನಡುವೆ ಕಚ್ಚಿ ಕೊಲ್ಲುತ್ತಾನೆ. ರೋಗದ ಚಿತ್ರದಲ್ಲಿ ಬೇಟೆಯ ಇಂಥ ಹಿಗ್ಗೇಕೆ ಎಂದು ಮೊದಲು ನೋಡಿದಾಗ ತಬ್ಬಿಬ್ಬಾಗಿದ್ದೆ. ಈ ನೀರನ್ನು ನೋಡಿದ ಮೇಲೆ ತಿಳಿಯಿತು. ಕಳೆದುಹೋದದ್ದು ಎಷ್ಟು ಚೆಂದದ್ದು ಅಂತ ತೋರಿಸದೆ ಕಳೆದುಕೊಂಡವರ ಸಂಕಟವನ್ನು ತೋರಿಸುವುದಾದರೂ ಹೇಗೆ? ಅದೇ ಚಿತ್ರದ ಕೊನೆಯಲ್ಲಿ ರೋಗಿಗಳು ಚಿಸ್ಸೋ ಕಂಪನಿಯ ಒಂದೊಂದು ಷೇರು ಕೊಂಡು, ಬಿಳಿ ಯಾತ್ರಿಕರ ಉಡುಪಿನಲ್ಲಿ ಒಸಾಕಾದ ಷೇರುದಾರರ ಸಭೆಗೇ ನುಗ್ಗುತ್ತಾರೆ.

ಆದರೆ ನಿರ್ದೇಶಕನಿಗೆ ಈ ಊರು ಮೊದಲು ಕಲಿಸಿದ್ದು ನಾಚಿಕೆ. 1965ರಲ್ಲಿ ಟೀವಿಗೆಂದು ಚಿತ್ರೀಕರಿಸುವಾಗ ತಾಯಿಯೊಬ್ಬಳು, ಕೇಳದೆ ನನ್ನ ಮಗುವನ್ನು ಯಾಕೆ ತೆಗೆದೆ ಎಂದು ಹಾಯ್ದುಬಿದ್ದಳು. ಆತ ಕುಗ್ಗಿಹೋದ. ಮತ್ತೆ ಇಲ್ಲಿಗೆ ಕ್ಯಾಮೆರಾ ತರಲು ವರ್ಷಗಳೇ ಹಿಡಿದವು. ಬಂದಮೇಲೆ ಬಿಟ್ಟುಹೋಗಲಿಲ್ಲ. 1977ರಲ್ಲಿ ಪ್ರೊಜೆಕ್ಟರ್ ಹೊತ್ತು ಆಚೆದಡದ ಮೀನುಗಾರರ ಹಳ್ಳಿಹಳ್ಳಿಗೂ ಹೋಗಿ ಚಿತ್ರ ತೋರಿಸಿದ, ಯಕ್ಷಗಾನದ ಮೇಳ ತಿರುಗಾಟ ಹೊರಟ ಹಾಗೆ. ತಮಗೇನಾಗಿದೆ ಎಂದು ಹೇಳಿಕೊಳ್ಳಲು ಅಂಜಿ ಕೂತವರು ಅಲ್ಲಿದ್ದರು.

ಗುಡ್ಡದ ಮೇಲೆ, ಹಿಂದೆ ಅಣಬೆ ಬೆಳೆಯುತ್ತಿದ್ದ ಕಟ್ಟಡದಲ್ಲಿ ಸೊಶಿಶಾ ಸಂಸ್ಥೆಯ ವಸ್ತುಸಂಗ್ರಹಾಲಯ. ಅಲ್ಲೊಂದು ಮರದ ಗೂಡು. ಪ್ರಯೋಗದ ಬೆಕ್ಕುಗಳನ್ನು ಕೂಡಿದ್ದ ಗೂಡು. ಕಂಪನಿ ಆಸ್ಪತ್ರೆಯ ವೈದ್ಯ ಹಾಜಿಮೆ ಹೊಸೊಕಾವಾ ಕಾರ್ಖಾನೆಯ ಕೊಳಚೆ ಬೆರೆಸಿ ಉಣಿಸಿದ 400ನೆಯ ಸಂಖ್ಯೆಯ ಬೆಕ್ಕು 1959ರ ಅಕ್ಟೋಬರಿನಲ್ಲಿ ನಡುಗಿ ಬಿತ್ತು. ಕಂಪನಿ ಅದನ್ನು ಮುಚ್ಚಿಟ್ಟಿತು. ಕೊಳವೆ ಇನ್ನೂ ಹೆಚ್ಚುಕಡಿಮೆ ಒಂಬತ್ತು ವರ್ಷ ಹರಿಯಿತು. ಒಂಬತ್ತು! ಗೂಡಿನ ಮುಂದೆ ಲೆಕ್ಕ ಹಾಕುತ್ತ ನಿಂತುಬಿಟ್ಟೆ.

ಸಂಜೆ ದೋಣಿಕಟ್ಟೆಗೆ ಬಂದಾಗ ಅಜ್ಜಿಯೊಬ್ಬಳು ಮೀನು ಸೋಸುತ್ತಿದ್ದಳು. ಪಕ್ಕದಲ್ಲಿ ಕೊಬ್ಬಿದ ಹಳದಿ ಬೆಕ್ಕು. ಬೆಳಕು ಚಿನ್ನದ ನೀರಿನಂತೆ ಇಬ್ಬರ ಮೇಲೂ ಸುರಿಯುತ್ತಿತ್ತು. ಇಂಥ ಬೆಳಕಿಗೆ ನಾವು ತಿಂಗಳುಗಟ್ಟಲೆ ಕಾಯುತ್ತೇವೆ. ಕ್ಯಾಮೆರಾ ತೋರಿಸಿ, ತೆಗೆಯಲೇ ಎಂದು ಸನ್ನೆಯಲ್ಲೇ ಕೇಳಿದೆ. ಆಕೆ ನಗುತ್ತ ಬೇಡವೆಂದು ಕೈಯಾಡಿಸಿದಳು. ಆಮೇಲೆ ಬುಟ್ಟಿಯಿಂದ ಒಂದು ದಪ್ಪ ಕಿತ್ತಳೆ ತೆಗೆದು ನನ್ನ ಕೈಗಿಟ್ಟು, ಮೀನಿನ ತಲೆಯೊಂದನ್ನು ಬೆಕ್ಕಿಗೆ ಎಸೆದಳು. ಕಟ್ಟೆಯ ಮೇಲೆ ಕೂತು ಸಿಪ್ಪೆ ಸುಲಿದೆ. ಬೆಕ್ಕು ಮೀನು ತಿಂದು ಮುಗಿಸಿ, ಬಾಯಿ ನೆಕ್ಕಿಕೊಂಡು, ಬಲೆಯ ರಾಶಿಯ ಮೇಲೆ ಮುದುಡಿ ಮಲಗಿತು.